ರೊಪ್ಪದ ಕಲ್ಲಿನಿಂದ ಬಿಡಿಸಿದ ಕೂಗು

ಕುರಿಗಳು ಬೆದರಿ ಓಡಿದ್ದು ಸೀಳುಪೆಟ್ಟಿಗೆಯ ದೋಷದಿಂದಲ್ಲ, ಯಾವ ದೇವರ ಮುನಿಸಿನಿಂದಲೂ ಅಲ್ಲ. ನನ್ನ ಕೈಯ ತಪ್ಪಿನಿಂದ. ಕಲ್ಯಾಣದುರ್ಗದ ಕಡೆ ಈಗಲೂ ಕೆಲವರು ಆ ಪೆಟ್ಟಿಗೆಗೆ ದೆವ್ವ ಹಿಡಿದಿತ್ತು ಎನ್ನುತ್ತಾರಂತೆ. ದೆವ್ವ ಗಿವ್ವ ಏನೂ ಇಲ್ಲ. ಐವತ್ತು ವರ್ಷ ಒಂದೇ ಕೆಲಸ ಮಾಡಿದ ಕೈ ನನ್ನನ್ನು ಕೇಳದೆ ತನ್ನ ಪಾಡಿಗೆ ತಾನು ಕೆಲಸ ಮಾಡಿಬಿಟ್ಟಿತು, ಅಷ್ಟೆ.

ಸೀಳುಪೆಟ್ಟಿಗೆ ನೋಡದವರಿಗೆ ಎರಡು ಮಾತು ಹೇಳಬೇಕು. ಒಂದು ಜಾಗದಲ್ಲಿ ದಿನಾ ಒಂದೇ ಸದ್ದು ಬಿದ್ದರೆ ಅಲ್ಲಿಯ ಕಲ್ಲು, ಗೋಡೆ ಅದನ್ನು ಹಿಡಿದಿಟ್ಟುಕೊಳ್ಳುತ್ತದೆ. ಸದ್ದನ್ನು ಮಾತ್ರವಲ್ಲ, ಅದು ಬಿದ್ದ ಹೊತ್ತನ್ನೂ ಸೇರಿಸಿ. ಎರಡೂ ಒಂದಕ್ಕೊಂದು ಹೆಣೆದುಕೊಂಡು ಕೂತಿರುತ್ತವೆ. ಪೆಟ್ಟಿಗೆ ಅವನ್ನು ಬಿಡಿಸುತ್ತದೆ. ಎಡಗಡೆಯ ರಾಟೆಗೆ ಸದ್ದಿನ ಎಳೆ, ಬಲಗಡೆಯ ರಾಟೆಗೆ ಹೊತ್ತಿನ ಎಳೆ. ಎರಡನ್ನೂ ಹಿಂದಿನ ಕದಿರಿಗೆ ಜೋಡಿಸಿ ಹಿಡಿ ತಿರುಗಿಸಿದರೆ ಆವತ್ತಿನ ಸದ್ದು ಆವತ್ತಿನ ಹಾಗೇ ಕೇಳುತ್ತದೆ. ಒಂದು ಸಲ ಬಿಡಿಸಿ ತೆಗೆದದ್ದು ಮತ್ತೆ ಆ ಕಲ್ಲಿನಲ್ಲಿ ಇರುವುದಿಲ್ಲ.

ಹಿಂದೂಪುರದಲ್ಲಿ ಈ ಪೆಟ್ಟಿಗೆ ಇಟ್ಟುಕೊಂಡವರು ನಾಲ್ಕೈದು ಜನ ಇದ್ದೇವೆ. ಎಲ್ಲರೂ ಮೊದಲು ರೇಷ್ಮೆಗೂಡಿನಿಂದ ನೂಲು ತೆಗೆಯುತ್ತಿದ್ದ ಹೆಂಗಸರೇ. ಕುದಿಯುವ ನೀರಿನಲ್ಲಿ ಕಣ್ಣಿಗೆ ಕಾಣದ ಎಳೆಯ ತುದಿಯನ್ನು ಬೆರಳಿನಲ್ಲೇ ಹುಡುಕಬಲ್ಲವರಿಗೆ ಮಾತ್ರ ಇದು ಒಗ್ಗುತ್ತದೆ. ಹೆಚ್ಚಾಗಿ ಬರುವುದು ಕಲ್ಯಾಣ ಮಂಟಪಗಳ ಕೆಲಸ. ನೂರಾರು ಮದುವೆಗಳ ವಾಲಗ ಗೋಡೆಗೆ ಹತ್ತಿ, ಪುರೋಹಿತರಿಗೆ ತಮ್ಮ ಮಂತ್ರ ತಮಗೇ ಕೇಳದ ಹಾಗಾದಾಗ ನಮ್ಮನ್ನು ಕರೆಯುತ್ತಾರೆ. ನಾವು ಹೋಗಿ ಹಳೆಯದನ್ನು ಸುತ್ತಿಕೊಂಡು ಊರಾಚೆ ಬಿಟ್ಟು ಬರುತ್ತೇವೆ.

ಕುರಿಯ ಕೆಲಸಕ್ಕೆ ನನ್ನನ್ನು ಯಾರೂ ಕರೆದಿರಲಿಲ್ಲ. ಕಡಲೆಕಾಯಿ ಕೀಳುವುದು ಮುಗಿಯುತ್ತಿದ್ದ ದಿನಗಳಲ್ಲಿ ಒಂದು ಫೋನು ಬಂತು. ಕಲ್ಯಾಣದುರ್ಗದಾಚೆಯ ಹಳ್ಳಿಯ ಒಬ್ಬ ಹೆಣ್ಣುಮಗಳು.

"ಅಜ್ಜಿ, ಕುರಿ ನನ್ ಹಿಂದೆ ಬತ್ತಿಲ್ಲ. ನಮ್ ಯಜಮಾನ್ರ ಕೂಗು ಬೇಕು. ಬಿಡಿಸ್ಕೊಡ್ತೀರಾ?"

"ಯಜಮಾನ ಎಲ್ಲೋದ?"

"ಇಲ್ಲೇ ಅವ್ರೆ. ಗಂಟ್ಲು ಆಪರೇಷನ್ ಆಯ್ತು. ದನಿ ಹೋಯ್ತು."

"ಫೋನ್ನಾಗೆ ಹಿಡಿದಿಟ್ಟಿಲ್ವಾ ಅವನ ದನಿನ?"

"ಐತೆ ಕಣಜ್ಜಿ. ಹಾಕಿದ್ರೆ ಒಂದೂ ತಲೆ ಎತ್ತಲ್ಲ."

ಎತ್ತುವುದಿಲ್ಲ, ನನಗೆ ಗೊತ್ತು. ಫೋನು ಸದ್ದನ್ನು ಹಿಡಿಯುತ್ತದೆ, ಹೊತ್ತನ್ನು ಹಿಡಿಯುವುದಿಲ್ಲ. ಮನುಷ್ಯರು ಮೋಸ ಹೋಗುತ್ತಾರೆ, ಪ್ರಾಣಿಗಳು ಹೋಗುವುದಿಲ್ಲ. ಬತ್ತೀನಿ ಎಂದೆ.

ಮಡಕಶಿರಾ, ಪಾವಗಡದ ಮೇಲೆ ಬಸ್ಸು. ಪೆಟ್ಟಿಗೆ ಹಾರ್ಮೋನಿಯಂನಷ್ಟು ದೊಡ್ಡದು, ತೊಡೆಯ ಮೇಲೆ ಇಟ್ಟುಕೊಂಡೇ ಹೋಗಬೇಕು. ಪಾವಗಡ ದಾಟಿದ ಮೇಲೆ ಕಂಡಕ್ಟರು, "ಅವ್ವಾ, ಪೆಟ್ಟೆಕಿ ಲಗೇಜಿ ಟಿಕೆಟ್ ತೀಸ್ಕೋ" ಅಂದ, ಪೆಟ್ಟಿಗೆಗೂ ಟಿಕೆಟ್ ತಗೋ ಅಂತ. "ಅದು ನನ್ನ ತೊಡೆ ಮ್ಯಾಲೆ ಕೂತೈತೆ, ನಿನ್ ಸೀಟ್ ಮ್ಯಾಲಲ್ಲ. ಮಕ್ಕಳನ್ನ ತೊಡೆ ಮ್ಯಾಲೆ ಕೂರಿಸ್ಕಂಡ್ರೂ ಲಗೇಜಿ ಅಂತೀಯಾ?" ಎಂದೆ. ಹಿಂದಿನ ಸೀಟಿನವರು ನಕ್ಕರು, ಅವನು ಮುಂದೆ ಹೋದ.

ಅವರ ಮನೆ ಊರಿನ ಅಂಚಿನಲ್ಲಿತ್ತು. ಮನೆಯ ಹಿಂದೆ ಕುರಿ ಕೂಡುವ ರೊಪ್ಪ, ಸುತ್ತ ಮುಳ್ಳಿನ ಬೇಲಿ. ಎಂಬತ್ತನಾಲ್ಕು ಕುರಿ. ಆ ಹೆಣ್ಣುಮಗಳಿಗೆ ಮೂವತ್ತೈದರ ಆಚೀಚೆ ವಯಸ್ಸು. ಗಂಡ ಅವಳಿಗಿಂತ ಸ್ವಲ್ಪ ದೊಡ್ಡವನು, ಉದ್ದಾಳು, ಕುತ್ತಿಗೆಗೆ ಟವೆಲು ಸುತ್ತಿಕೊಂಡಿದ್ದ. ಅದರ ಕೆಳಗೆ ಉಸಿರಾಡಲು ಮಾಡಿದ ತೂತು. ಮಾತಿಲ್ಲ, ಶಿಳ್ಳೆಯೂ ಬರುವುದಿಲ್ಲ. ಧೂಳಿನಲ್ಲಿ ನಡೆಯಬಾರದು ಎಂದು ಡಾಕ್ಟರು ಹೇಳಿದ್ದಾರಂತೆ. ಪಕ್ಕದ ರೊಪ್ಪ ಅವನ ಅಣ್ಣನದು.

ಆ ಕಡೆಯವರು ಕುರಿಯನ್ನು ಹಿಂದಿನಿಂದ ಹೊಡೆದುಕೊಂಡು ಹೋಗುವುದಿಲ್ಲ. ಕುರಿಯವನು ಮುಂದೆ ನಡೆಯುತ್ತಾ ಕೂಗುತ್ತಾನೆ, ಮಂದೆ ಆ ಕೂಗಿನ ಹಿಂದೆ ಬರುತ್ತದೆ. ಕಡಲೆಕಾಯಿ ಕಿತ್ತ ಮೇಲೆ ಎಲ್ಲರೂ ಮಂದೆ ಕಟ್ಟಿಕೊಂಡು ಹೊಲದಿಂದ ಹೊಲಕ್ಕೆ ಪಡುವಣಕ್ಕೆ ಹೋಗುತ್ತಾರೆ, ಬರುವುದು ತಿಂಗಳುಗಳ ಮೇಲೆ. ಹೊರಡಲು ಇನ್ನು ನಾಲ್ಕು ದಿನವಿತ್ತು. ಈ ಹೆಣ್ಣುಮಗಳು ಇಷ್ಟು ವರ್ಷ ಮನೆಯ ಹತ್ತಿರ ಮರಿ ಸಾಕಿದವಳು, ಮಂದೆಯ ಮುಂದೆ ನಡೆದವಳಲ್ಲ. ಅವಳು ಕೂಗಿದರೆ ಕುರಿ ಮೇಯುತ್ತಲೇ ಇರುತ್ತವೆ.

ಅಣ್ಣ ಬೇಲಿಯ ಮೇಲಿನಿಂದಲೇ ನನ್ನನ್ನು ಮಾತಾಡಿಸಿದ.

"ಯಾಕಜ್ಜಿ ಇಷ್ಟು ದೂರ ಬಂದ್ರಿ? ನಮ್ ಮಂದೆಗೆ ಸೇರ್ಸಿಬುಟ್ರೆ ಮುಗೀತು. ಹೆಣ್ಣಿನ್ ಹಿಂದೆ ಕುರಿ ಹೋದದ್ದ ನಾನಂತೂ ನೋಡಿಲ್ಲ."

"ನೀನು ಹುಟ್ಟಿದ್ದೂ ನೀನು ನೋಡಿಲ್ಲ ಕಣಪ್ಪ. ಆದ್ರೂ ಹುಟ್ಟಿದ್ದೀಯ" ಎಂದೆ.

ಅವನು ಕೆಟ್ಟವನಲ್ಲ. ತಮ್ಮನ ಆಪರೇಷನ್ನಿಗೆ ಆಸ್ಪತ್ರೆಯಲ್ಲಿ ಕಾದವನು ಅವನೇ. ಆದರೆ ಸೇರಿದ ಮಂದೆ ಮತ್ತೆ ಬೇರೆ ಆಗುವುದಿಲ್ಲ. ಕುರಿ ಹೊಸ ಕೂಗಿಗೆ ಒಗ್ಗಿದರೆ ಮುಗಿಯಿತು. ಆ ಹೆಣ್ಣುಮಗಳು ನನಗೆ ಸೊಪ್ಪಿನ ಸಾರು, ಮುದ್ದೆ ಬಡಿಸುತ್ತಾ ಹೇಳಿದಳು: "ಸೇರ್ಸಿದ್ರೆ ಭಾವ ನಮಗೆ ಅನ್ನ ಹಾಕ್ತಾನೆ ಕಣಜ್ಜಿ, ಇಲ್ಲ ಅನ್ನಲ್ಲ. ಆದ್ರೆ ನಾನು ಅವರ ಹಟ್ಟಿನಾಗೆ ಮುದ್ದೆ ತಿರುವ್ಕೊಂಡು ಕೂರೋಳಾಯ್ತೀನಿ. ಇವ್ರು ಗೋಡೆಗೊರಗಿ ಕೂರೋರಾಯ್ತಾರೆ."

ರೊಪ್ಪದ ಬಾಗಿಲ ಬಲಕ್ಕೆ ಸೊಂಟದೆತ್ತರದ ಒಂದು ಕಲ್ಲು ನೆಟ್ಟಿತ್ತು. ಗಂಡ ಹದಿನೆಂಟು ವರ್ಷ, ಊರಲ್ಲಿದ್ದಾಗಲೆಲ್ಲ, ಪ್ರತಿ ಸಂಜೆ ಅದಕ್ಕೆ ಬೆನ್ನು ಕೊಟ್ಟು ನಿಂತು ಕೂಗಿದ್ದಾನೆ. ಬೆನ್ನು ತಾಗುವ ಜಾಗ ನುಣ್ಣಗಾಗಿತ್ತು. ಕೈಯಿಟ್ಟು ನೋಡಿದೆ, ತುಂಬಾ ಇತ್ತು. ಆ ಸಂಜೆ ಕಲ್ಲಿಗೆ ಉಗುರುಬೆಚ್ಚಗಿನ ನೀರು ಹನಿಸಿ, ಗೋಣಿಚೀಲ ಸುತ್ತಿ ನೆನೆಯಲು ಬಿಟ್ಟೆ. ಒಣಗಿದ ಕಲ್ಲನ್ನು ಎಳೆದರೆ ಎಳೆ ಪುಡಿಯಾಗುತ್ತದೆ.

ಮಾರನೆಯ ಬೆಳಿಗ್ಗೆ ಕೆಲಸಕ್ಕೆ ಕೂತೆ. ಪೆಟ್ಟಿಗೆಯ ಮುಂದಿನ ತಾಮ್ರದ ತಗಡನ್ನು ಕಲ್ಲಿಗೆ ಒತ್ತಿ ಕಟ್ಟಿದೆ. ತೊಟ್ಟಿಗೆ ಬಿಸಿನೀರು, ಹತ್ತು ಎಣಿಸುವವರೆಗೆ ಕೈ ತಾಳಬೇಕು, ಹನ್ನೊಂದಕ್ಕೆ ತಾಳಬಾರದು, ಆ ಬಿಸಿ. ಹುಲ್ಲಿನ ಕುಂಚದಿಂದ ನೀರು ತಿರುವಿದರೆ ತುದಿಗಳು ಏಳುತ್ತವೆ. ಸದ್ದಿನ ಎಳೆ ಬೆರಳಿಗೆ ತರಿತರಿ. ಹೊತ್ತಿನ ಎಳೆ ಬಿಸಿನೀರಿನಲ್ಲೂ ತಣ್ಣಗೆ, ಎಣ್ಣೆ ಸವರಿದ ಹಾಗೆ. ಮಳೆಗಾಲದ್ದು ದಪ್ಪ, ಬೇಸಿಗೆಯದು ಸಣ್ಣ. ಕಂತೆಯನ್ನು ಹಣಿಗೆಯ ಹಲ್ಲಿನ ನಡುವೆ ತೂರಿಸಿದರೆ ಎರಡೂ ಬೇರೆಯಾಗಿ ಎಡಕ್ಕೆ, ಬಲಕ್ಕೆ ಹೋಗುತ್ತವೆ.

ಮೇಲಿನ ಪದರದಲ್ಲಿ ಟ್ರ್ಯಾಕ್ಟರು, ನಾಯಿ, ಈಚೆಗೆ ಇವಳು ಕೂಗಿ ಸೋತದ್ದು. ಅದನ್ನು ಸುತ್ತಿ ಬಿಸಾಡಿದೆ. ಅದರ ಕೆಳಗೆ ಅವನು ಸಿಕ್ಕಿದ. ಕಾಯಿಲೆ ಗಂಟಲಿಗೆ ಇಳಿದಿದ್ದ ಕಡೆಯ ಎರಡು ವರ್ಷದ ಕೂಗು ಜೇಡರಬಲೆಯಷ್ಟು ಸಣ್ಣ, ಅದು ಬೇಡ. ಇನ್ನೂ ಕೆಳಗೆ ಹೋಗಿ, ಅವನು ಗಟ್ಟಿಯಾಗಿದ್ದಾಗಿನ ಒಂದು ಸಂಜೆ ಹಿಡಿದೆ. ಮಧ್ಯಾಹ್ನದ ಹೊತ್ತಿಗೆ ಒಂದು ಉದ್ದ ಕೂಗು ರಾಟೆಯ ಮೇಲಿತ್ತು. ಹೊಲದಿಂದ ರೊಪ್ಪದವರೆಗೆ ಮಂದೆ ನಡೆದು ಬರುವಷ್ಟು ಉದ್ದ. ನನಗೆ ನನ್ನ ಮೇಲೇ ಮೆಚ್ಚುಗೆಯಾಯಿತು. ಮುಂಚೆಯೇ ಕಿವಿಗೊಟ್ಟು ಕೇಳಿ ನೋಡಬೇಕಿತ್ತು. ಒಂದೊಂದು ಸಲ ತಿರುಗಿಸಿದಾಗಲೂ ಎಳೆ ಸವೆಯುತ್ತದೆ ಎಂದು ಕೇಳಲಿಲ್ಲ.

ಸಂಜೆ ಕುರಿ ಎದುರಿನ ಹೊಲದಲ್ಲಿದ್ದವು. ಹಿಡಿ ತಿರುಗಿಸಿದೆ.

"ಹ್ರೋ... ಹೋ... ಬಾ ಬಾ ಬಾ ಹೋ..."

ಎಂಬತ್ತನಾಲ್ಕು ತಲೆ ಒಂದೇ ಸಲ ಮೇಲೆದ್ದವು. ಮುಂದಾಳು ಕುರಿಯೊಂದು, ಕಿವಿ ಹರಿದ ಮುದಿ ಕುರಿ, ನೇರ ನಮ್ಮ ಕಡೆ ಹೊರಟಿತು. ಉಳಿದವು ಅದರ ಹಿಂದೆ. ಆ ಹೆಣ್ಣುಮಗಳು ಸೆರಗು ಬಾಯಿಗೆ ಒತ್ತಿಕೊಂಡಳು. ಮಂದೆ ಬಾಗಿಲ ಹತ್ತಿರ ಬಂದಿತ್ತು, ಮುದಿ ಕುರಿಯ ಮುಂಗಾಲು ಬಾಗಿಲೊಳಗೆ ಇತ್ತು. ಆಗ ಪೆಟ್ಟಿಗೆಯೊಳಗಿನ ದನಿ ಬದಲಾಯಿತು. ಅದೇ ಗಂಡಸು, ಅದೇ ಗಂಟಲು. ಆದರೆ ಅದು ಕರೆಯುವ ಕೂಗಲ್ಲ, ಕಿರುಚಾಟ. ಹಿಂದೆಯೇ ನಾಯಿಗಳ ಬೊಗಳಾಟ, ಕುರಿಗಳ ಅರಚಾಟ.

ಮಂದೆ ಒಡೆಯಿತು. ಅರ್ಧ ಕುರಿ ಬೇಲಿಯ ಮುಳ್ಳಿಗೆ ನುಗ್ಗಿದವು, ಇನ್ನರ್ಧ ರಸ್ತೆ ದಾಟಿದವು. ಒಂದು ಮರಿ ಕಾಲಡಿಗೆ ಸಿಕ್ಕಿ ಅಲ್ಲೇ ಸತ್ತಿತು. ಗಂಡ ಓಡಿಬಂದು ನನ್ನ ಕೈಯನ್ನು ಹಿಡಿಯಿಂದ ಕಿತ್ತು ತೆಗೆದ. ಎದೆಗೆ ಕೈಯಿಟ್ಟು, ಆಮೇಲೆ ಎರಡು ಕೈಯನ್ನೂ ಕಿವಿಯ ಹಾಗೆ ತಲೆಯ ಮೇಲೆ ಹಿಡಿದು ಹಲ್ಲು ತೋರಿಸಿದ. ತೋಳ. ಯಾವುದೋ ವರ್ಷ ರೊಪ್ಪಕ್ಕೆ ತೋಳ ನುಗ್ಗಿದ ದಿನ ಅವನು ಅರಚಿದ್ದು ಅದು.

ಅಣ್ಣ ತನ್ನ ಬಾಗಿಲಲ್ಲಿ ನಿಂತು ಕೂಗು ಹಾಕಿದ. ಚೆದರಿದ ಕುರಿ ಒಂದೊಂದಾಗಿ ಅವನ ಕಡೆ ಹೋದವು. ಕತ್ತಲಾಗುವ ಹೊತ್ತಿಗೆ ಎಲ್ಲವೂ ಅವನ ರೊಪ್ಪದೊಳಗೆ, ಅವನ ಮಂದೆಯ ಜೊತೆ.

ಅವನು ಜಗಳ ಮಾಡಲಿಲ್ಲ. ತಮ್ಮನ ಹೆಂಡತಿಗೆ ಹೇಳಿದ: "ನೋಡಮ್ಮ, ಮೂರು ರಾತ್ರಿ ಒಂದೇ ರೊಪ್ಪದಾಗೆ ನಿಂತ ಕುರಿ ಆ ರೊಪ್ಪದ್ದೇ. ಇದು ನಾನು ಹೇಳಿದ್ದಲ್ಲ, ಹಿರೀಕರು ಹೇಳಿದ್ದು. ಅಷ್ಟ್ರೊಳಗೆ ನಿನ್ ಹಿಂದೆ ಬಂದ್ರೆ ಕರ್ಕಂಡ್ ಹೋಗು. ನಾನು ಬಾಗಿಲು ತೆಗೆದಿಡ್ತೀನಿ." ನನ್ನ ಕಡೆ ತಿರುಗಿ, "ಅಜ್ಜಿ, ನಾಳೆ ಏನು, ಹುಲಿ ಬಿಡ್ತೀರಾ?" ಅಂದ.

ಮೂರನೆಯ ಬೆಳಿಗ್ಗೆ ಆ ಕೂಗನ್ನು ರಾಟೆಯಿಂದ ಮೊಳ ಮೊಳವಾಗಿ ಬಿಚ್ಚುತ್ತಾ ಬೆರಳಾಡಿಸಿದೆ. ಸದ್ದಿನ ಎಳೆಯಲ್ಲಿ ಏನೂ ಗೊತ್ತಾಗಲಿಲ್ಲ. ಹೊತ್ತಿನ ಎಳೆಯಲ್ಲಿ ಸಿಕ್ಕಿತು. ಒಂದು ಕಡೆಯವರೆಗೆ ಮಳೆಗಾಲದ ದಪ್ಪ, ಅಲ್ಲಿಂದ ಮುಂದೆ ಬೇಸಿಗೆಯ ಸಣ್ಣ. ನಡುವೆ ಗಂಟಿಲ್ಲ, ಅಂಟಿಕೊಂಡಿತ್ತು. ಅಂಟಿಸಿದವಳು ನಾನೇ.

ರೇಷ್ಮೆ ತೆಗೆಯುವಾಗ ಒಂದು ಗೂಡು ತೀರುತ್ತಾ ಬಂದರೆ ನೂಲು ತೆಳ್ಳಗಾಗುತ್ತದೆ. ಆಗ ತಕ್ಷಣ ಇನ್ನೊಂದು ಗೂಡಿನ ತುದಿಯನ್ನು ಅದರ ಮೇಲೆ ಎಸೆಯಬೇಕು, ಅದು ತಾನೇ ಹತ್ತಿಕೊಳ್ಳುತ್ತದೆ. ತಡಮಾಡಿದರೆ ನೂಲು ಕಡಿಯುತ್ತದೆ, ಬೈಗುಳ ಬೀಳುತ್ತದೆ. ಹತ್ತು ವರ್ಷದವಳಿದ್ದಾಗ ಕಲಿತದ್ದು. ಹಿಂದಿನ ದಿನ ಅವನ ಕೂಗು ನಡುವೆ ತೆಳ್ಳಗಾದಾಗ ನನ್ನ ಕೈ ಹತ್ತಿರ ತೇಲುತ್ತಿದ್ದ ಇನ್ನೊಂದು ತುದಿಯನ್ನು ಎತ್ತಿ ಹಾಕಿತ್ತು. ನಾನು ಹಾಕಿದ್ದೇ ನನಗೆ ನೆನಪಿಲ್ಲ. ಮಂಟಪಗಳಲ್ಲಿ ಹೀಗೆ ಎಷ್ಟು ಸಲ ಮಾಡಿದ್ದೇನೋ. ಅಲ್ಲಿ ಬಿಸಾಡುವ ಸದ್ದು, ಯಾರು ಕೇಳುತ್ತಾರೆ?

ಆ ಹೆಣ್ಣುಮಗಳನ್ನು ಕರೆದು ಇದ್ದದ್ದು ಇದ್ದ ಹಾಗೆ ಹೇಳಿದೆ.

"ಹಂಗಾದ್ರೆ ತಪ್ಪು ನಿಮ್ದು" ಅಂದಳು.

"ನಂದೇ."

"ಪೆಟ್ಟಿಗೇದಲ್ಲ."

"ಪೆಟ್ಟಿಗೆಗೇನು ಗೊತ್ತು? ನಂದೇ ಕಣವ್ವ."

ಅವಳು ಎದ್ದು ಹೋದಳು. ಮಧ್ಯಾಹ್ನ ಊಟಕ್ಕೆ ಬಡಿಸಿ ಹಿತ್ತಲಿಗೆ ಹೋದಳು. ನಾನು ಉಂಡೆ. ಕೆಲಸ ಮಾಡಬೇಕಾದರೆ ಉಣ್ಣಬೇಕು.

ಈ ಸಲ ಎಡಗೈಯನ್ನು ಸೆರಗಿಗೆ ಕಟ್ಟಿಕೊಂಡು ಕೂತೆ, ತಾನಾಗಿ ಏನೂ ಹಾಕಬಾರದು ಎಂದು. ಏಳು ಸಲ ಎಳೆದೆ. ಏಳು ಸಲವೂ ಕಡಿಯಿತು. ಕುರಿಯವನು ಒಂದೇ ಉಸಿರಿಗೆ ಉದ್ದಕ್ಕೆ ಕೂಗುವುದಿಲ್ಲ. ಕೂಗಿ, ಉಸಿರೆಳೆದು, ನಾಲ್ಕು ಹೆಜ್ಜೆಯಷ್ಟು ಹೊತ್ತು ಬಿಟ್ಟು ಮತ್ತೆ ಕೂಗುತ್ತಾನೆ. ನಡುವಿನ ಸುಮ್ಮನಿರುವ ಜಾಗದಲ್ಲಿ ಸದ್ದಿನ ಎಳೆಗೆ ಜೀವವಿಲ್ಲ. ಇನ್ನೊಂದು ತುದಿ ಹಾಕದೆ ಅದನ್ನು ದಾಟಿಸಲು ಆಗುವುದಿಲ್ಲ. ಹಾಕಿದರೆ ಯಾವ ದಿನದ್ದು ಬರುತ್ತದೋ ಹೇಳಲಾಗುವುದಿಲ್ಲ. ಸಂಜೆಯ ಹೊತ್ತಿಗೆ ನನಗೆ ಖಾತ್ರಿಯಾಯಿತು. ಅವನ ಕೂಗನ್ನು ಮಂದೆ ನಡೆಸುವಷ್ಟು ಉದ್ದಕ್ಕೆ ಬಿಡಿಸಲು ನನ್ನಿಂದ ಆಗದು, ಬೇರೆ ಯಾರಿಂದಲೂ ಆಗದು.

ಆಗದು ಎಂದು ಹೇಳಿ ಬಸ್ಸು ಹತ್ತಬೇಕೆಂದೇ ಇದ್ದೆ. ಪೆಟ್ಟಿಗೆಯ ನೀರು ಚೆಲ್ಲುತ್ತಿದ್ದೆ. ಹಿತ್ತಲಲ್ಲಿ ಅವಳು ತಾಯಿ ಸತ್ತ ಎರಡು ಮರಿಗಳಿಗೆ ಬಾಟಲಿಯಲ್ಲಿ ಹಾಲು ಕುಡಿಸಲು ಕರೆದಳು. "ತ್ರೀ ತ್ರೀ ತ್ರೀ" ಎಂದು ಏನೋ ಒಂದು ಸಣ್ಣ ದನಿ. ಎರಡೂ ಮರಿ ಬಿದ್ದು ಎದ್ದು ಓಡಿಬಂದವು. ಆ ದನಿಯಲ್ಲಿ ಇದ್ದದ್ದಾದರೂ ಏನು? ಮೂರು ವಾರದ ಹಾಲಿನ ಹೊತ್ತು. ಅಷ್ಟೇ. ಆಗ ನನಗೆ ತಿಳಿಯಿತು, ನಾನು ಎರಡು ದಿನದಿಂದ ತಪ್ಪು ರಾಟೆಯನ್ನು ನೋಡುತ್ತಾ ಕೂತಿದ್ದೆ. ಕುರಿಗೆ ಬೇಕಾದದ್ದು ಅವನ ದನಿಯಲ್ಲ, ದನಿಯ ಜೊತೆ ಬರುವ ಹದಿನೆಂಟು ವರ್ಷದ ಸಂಜೆ. ಹೊತ್ತಿನ ಎಳೆ ಸುಮ್ಮನಿರುವ ಜಾಗದಲ್ಲೂ ಕಡಿಯುವುದಿಲ್ಲ. ಅವನ ಹೊತ್ತಿನ ಎಳೆಯಿಂದ ಅವನ ಸದ್ದು ಸುಲಿದು, ಅಲ್ಲಿ ಇವಳ ಸದ್ದು ಅಂಟಿಸಿ, ತಿರುಗಿ ಕಲ್ಲಿಗೆ ಕುಡಿಸಬೇಕು. ಆಮೇಲೆ ಅವಳು ಅಲ್ಲಿ ನಿಂತು ಕೂಗಿದರೆ ಆ ಹೊತ್ತು ಅವಳ ದನಿಯ ಜೊತೆ ಹೊರಡಬೇಕು.

ಒಬ್ಬರ ಹೊತ್ತಿಗೆ ಇನ್ನೊಬ್ಬರ ಸದ್ದು ಹಾಕಬಾರದು ಎಂದು ನಮ್ಮ ಕೆಲಸದಲ್ಲಿ ಮಾತಿದೆ. ನಾನೂ ಎಂದೂ ಮಾಡಿರಲಿಲ್ಲ. ಯಾಕೆಂದರೆ ಹೊತ್ತು ಕಳೆದುಕೊಂಡ ಸದ್ದಿಗೆ ನಿಲ್ಲಲು ಜಾಗವಿಲ್ಲ. ಒಮ್ಮೆ ಕೇಳಿಸಿ ಹೋಗಿಬಿಡುತ್ತದೆ.

ಗಂಡ ಹೆಂಡತಿ ಇಬ್ಬರನ್ನೂ ಕಲ್ಲಿನ ಹತ್ತಿರ ಕೂರಿಸಿ ಹೇಳಿದೆ. "ಮಂದೆ ಬರಬೋದು. ಬರ್ದೆನೂ ಇರಬೋದು, ನಾನು ಮಾಡಿ ನೋಡಿಲ್ಲ. ಆದ್ರೆ ಇವನ ದನಿ ಮಾತ್ರ ಹೋದಂಗೇ. ಕಲ್ಲಾಗೂ ಇರಲ್ಲ."

"ಬ್ಯಾಡ" ಅಂದಳು ಅವಳು ತಕ್ಷಣ. "ಕುರಿ ಭಾವನ ತಾವೇ ಇರ್ಲಿ. ಇವ್ರ ದನಿ ಉಳಿದಿರೋದೇ ಆ ಕಲ್ಲಾಗೆ."

"ಫೋನ್ನಾಗೆ ಐತಲ್ಲ?"

"ಅದು ಅವ್ರ ಥರ ಇಲ್ಲ ಕಣಜ್ಜಿ. ಕುರಿಗೇ ಗೊತ್ತಾಯ್ತದೆ, ನಂಗೆ ಗೊತ್ತಾಗಲ್ವಾ?"

ನಾನು ಅವನ ಮುಖ ನೋಡಿದೆ. ದನಿ ಅವನದು, ತೀರ್ಮಾನವೂ ಅವನದೇ. ಅವನು ಎದ್ದು ಕಲ್ಲನ್ನು ಎರಡು ಸಲ ತಟ್ಟಿದ, ಹೆಂಡತಿಯ ಬಾಯಿಯ ಕಡೆ ಬೆರಳು ತೋರಿಸಿದ. ಅವಳು ಬೇಡ ಎಂದು ತಲೆಯಾಡಿಸಿದಳು. ಅವನು ಮತ್ತೆ ತಟ್ಟಿದ. ಅವಳು, "ಆಗಲ್ಲ ಅಂದ್ರೆ ಆಗಲ್ಲ, ನೀನು ಸುಮ್ಕಿರು" ಎಂದು ಗದರಿದಳು. ಅವನು ಸೊಂಟಕ್ಕೆ ಕೈಯಿಟ್ಟು, ಅವಳ ಹಾಗೇ ಬಾಯಿ ಮುಂದೆ ಮಾಡಿ, ಗದರಿದಂತೆ ನಟಿಸಿ ತೋರಿಸಿದ. ಇಷ್ಟು ದೊಡ್ಡ ಬಾಯಿ ಇಟ್ಟುಕೊಂಡು ಕುರಿ ಮುಂದೆ ಯಾಕೆ ನಾಚಿಕೆ ಎಂಬ ಹಾಗೆ. ಅವಳಿಗೆ ಅಳುವೋ ನಗುವೋ ಯಾವುದೋ ಒಂದು ಬಂತು. ಅವನು ಕಾಯಲಿಲ್ಲ. ಸೌದೆ ತಂದು ಜೋಡಿಸಿ, ಹಂಡೆಗೆ ನೀರು ಹೊಯ್ದು, ನಾಳೆಗೆ ಒಲೆ ಸಿದ್ಧಮಾಡಿ ಒಳಗೆ ಹೋದ.

ನಾಲ್ಕನೆಯ ದಿನ ಬೆಳಕು ಹರಿಯುತ್ತಲೇ ಶುರು. ಆವತ್ತು ಸಂಜೆ ಬರದಿದ್ದರೆ ಮೂರನೆಯ ರಾತ್ರಿ ಅಣ್ಣನ ರೊಪ್ಪದಲ್ಲೇ.

ಈ ಸಲ ಕೈ ಕಟ್ಟಿಕೊಳ್ಳಲಿಲ್ಲ. ಬಲಗಡೆಯ ರಾಟೆಗೆ ಹೊತ್ತಿನ ಎಳೆ ಬರುತ್ತಿದ್ದಂತೆ, ಅವಳು ಒದ್ದೆ ತಗಡಿಗೆ ಬಾಯಿಟ್ಟು ಕೂಗಬೇಕು. ಆ ಬಿಸಿ ಸದ್ದಿನ ತುದಿಯನ್ನು ನಾನು ತಕ್ಷಣ ಹಿಡಿದು ಹೊತ್ತಿನ ಎಳೆಯ ಮೇಲೆ ಎಸೆಯಬೇಕು. ಹತ್ತಿತೇ ಎಂದು ಬೆರಳಲ್ಲಿ ಸವರಿ ನೋಡಬೇಕು. ಯಾವ ಕೈಚಾಳಿಯಿಂದ ಮರಿ ಸತ್ತಿತ್ತೋ ಅದೇ ಕೈಚಾಳಿ. ಈ ಸಲ ಕಣ್ಣು ಬಿಟ್ಟುಕೊಂಡು.

ಮೊದಲ ಕೂಗನ್ನು ಅವಳು ಗಂಡನ ಹಾಗೆ ದಪ್ಪ ದನಿ ಮಾಡಿ ಕೂಗಿದಳು. ಎಳೆ ಹತ್ತಲೇ ಇಲ್ಲ, ಜಾರಿತು.

"ಅವನ ಥರ ಯಾಕೆ ಕೂಗ್ತೀಯೇ? ಅವನದು ಹೊತ್ತು ಐತೆ, ಸಾಕು. ನಿನ್ ದನಿ ಹಾಕು."

ಎರಡನೆಯದು ಪಿಸುಮಾತಿನಷ್ಟು. ಬೇಲಿಯಾಚೆ ಭಾವ, ಅವನ ಮನೆಯವರು ನಿಂತಿದ್ದರು. ಹಿರಿಯರ ಎದುರಿಗೆ ಸೊಸೆಯಾದವಳು ಅಷ್ಟು ಗಟ್ಟಿಯಾಗಿ ಕೂಗಿದ್ದು ಆ ಮನೆಯಲ್ಲಿ ಇಲ್ಲ.

"ಭಾವನ ಮುಂದೆ ಹೆಂಗಜ್ಜಿ..."

"ಭಾವಂಗೆ ಆ ಕಡೆ ತಿರುಗ್ಕ ಅಂತ ಹೇಳ್ತೀನಿ. ಏನಪ್ಪಾ, ತಿರುಗ್ಕೋ ಆ ಕಡೆ!"

ಅವನು ನಿಜವಾಗಿಯೂ ತಿರುಗಿ ನಿಂತ. ಮೂರನೆಯದು ಹತ್ತಿತು.

ಮಧ್ಯಾಹ್ನದವರೆಗೆ ನಲವತ್ತಕ್ಕಿಂತ ಹೆಚ್ಚು ಸಲ ಕೂಗಿದಳು. ದನಿ ಒಡೆದು, ಬಿಸಿನೀರು ಕುಡಿದು, ಮತ್ತೆ ಕೂಗಿದಳು. ನೀರು ತಣ್ಣಗಾದಾಗಲೆಲ್ಲ ಗಂಡ ಹಂಡೆಯಿಂದ ತಂದು ಹೊಯ್ಯುತ್ತಿದ್ದ. ಹತ್ತು ಎಣಿಸುವ ಬಿಸಿ ಅವನಿಗೂ ಗೊತ್ತಾಗಿಹೋಗಿತ್ತು. ಎಡಗಡೆಯ ರಾಟೆಯಲ್ಲಿ ಅವನ ಸದ್ದು, ಹೊತ್ತಿಲ್ಲದೆ, ಸುತ್ತು ಸುತ್ತಾಗಿ ದಪ್ಪವಾಗುತ್ತಿತ್ತು. ರಾಟೆ ನಡುಗಲು ಶುರುವಾಯಿತು. ಇಟ್ಟುಕೊಳ್ಳಲಾಗದು, ಬಿಡಲೇಬೇಕು. ಎಲ್ಲರಿಗೂ ಕಿವಿ ಮುಚ್ಚಿಕೊಳ್ಳಿ ಎಂದು ಹೇಳಿ ರಾಟೆಯ ಕೀಲು ತೆಗೆದೆ.

ಹದಿನೆಂಟು ವರ್ಷದ ಸಂಜೆಯ ಕೂಗೆಲ್ಲ ಒಂದೇ ಹೊಡೆತಕ್ಕೆ ಬಂತು. ದನಿ ಎಂದು ಹೇಳುವ ಹಾಗಿರಲಿಲ್ಲ. ಕಪಾಳಕ್ಕೆ ಬಿದ್ದ ಏಟಿನ ಹಾಗಿತ್ತು. ಊರಿನ ನಾಯಿಗಳೆಲ್ಲ ಬೊಗಳಿದವು. ಆಮೇಲೆ ರಾಟೆ ಖಾಲಿ. ನಾನು, ಅವಳು, ಬೇಲಿಯಾಚೆಯವರು, ಎಲ್ಲರೂ ಕಿವಿ ಮುಚ್ಚಿಕೊಂಡಿದ್ದೆವು. ಅವನು ಮುಚ್ಚಿಕೊಂಡಿರಲಿಲ್ಲ. ಕೈಯಲ್ಲಿ ಬಿಸಿನೀರಿನ ಚೊಂಬು ಹಿಡಿದುಕೊಂಡು ನಿಂತಿದ್ದ. ಆಮೇಲೆ ಅದನ್ನು ತೊಟ್ಟಿಗೆ ಹೊಯ್ದ.

ಉಳಿದದ್ದು ಕಲ್ಲಿಗೆ ಕುಡಿಸುವ ಕೆಲಸ. ಜೋಡಿಸಿದ ಎಳೆಯನ್ನು ಒದ್ದೆಯಾಗಿಯೇ ಕಲ್ಲಿಗೆ ಬಿಗಿಯಾಗಿ ಸುತ್ತಿದೆ, ಬುಡದಿಂದ ತುದಿಯವರೆಗೆ. ಬಿಸಿಲಿಗೆ ಬಿಟ್ಟೆ. ಮೂರು ಗಂಟೆಯಾದರೂ ಎಳೆ ಕಲ್ಲಿನ ಮೇಲೇ ಹೊಳೆಯುತ್ತಿತ್ತು. ಇಳಿಯುವುದಿಲ್ಲವೇನೋ ಎಂದುಕೊಂಡೆ. ಗಂಡ ಬಂದು ತನ್ನ ಹಳೆಯ ಜಾಗದಲ್ಲಿ ಬೆನ್ನು ಕೊಟ್ಟು ನಿಂತ. ಒತ್ತಿ, ಅಲ್ಲಾಡದೆ, ಹೊತ್ತು ಇಳಿಯುವವರೆಗೆ. ಅವನು ಈಚೆ ಬಂದಾಗ ಕಲ್ಲು ಒಣಗಿತ್ತು, ಎಳೆ ಕಾಣಲಿಲ್ಲ. ಅದು ಅವನ ಬೆನ್ನಿನ ಕಾವಿಗೆ ಇಳಿಯಿತೋ, ಬಿಸಿಲಿಗೆ ಇಳಿಯಿತೋ ನನಗೆ ಗೊತ್ತಿಲ್ಲ.

ಸಂಜೆ ಅಣ್ಣ ಹೇಳಿದ ಮಾತಿನಂತೆ ತನ್ನ ರೊಪ್ಪದ ಬಾಗಿಲು ತೆಗೆದ. ಎರಡು ಮಂದೆ ಕಲೆತು ನಿಂತಿದ್ದವು. ಅವಳು ಕಲ್ಲಿಗೆ ಬೆನ್ನು ಕೊಟ್ಟು ನಿಂತು ಕೂಗಿದಳು. ದನಿ ಒಡೆದಿತ್ತು, ಕೊನೆಗೆ ಕೀರಲು ಬಂತು.

ಏನೂ ಆಗಲಿಲ್ಲ. ಒಂದು ಟಗರು ಕೆಮ್ಮಿತು.

ಮತ್ತೆ ಕೂಗಿದಳು. ಕಿವಿ ಹರಿದ ಮುದಿ ಕುರಿ ತಲೆ ಎತ್ತಿತು. ನೋಡಿತು. ತಲೆ ತಗ್ಗಿಸಿತು.

"ನಾಲ್ಕು ಹೆಜ್ಜೆ ಹಾಕೋವಷ್ಟು ಹೊತ್ತು ಬಿಟ್ಟು ಕೂಗು. ಅವನು ಉಸಿರೆಳೀತಿದ್ದಂಗೆ ಬಿಟ್ಟು ಕೂಗು" ಎಂದೆ.

ಮೂರನೆಯ ಕೂಗಿಗೆ ಮುದಿ ಕುರಿ ಹೊರಟಿತು. ಓಡಲಿಲ್ಲ, ಸಂಜೆ ಮನೆಗೆ ಬರುವ ಕುರಿ ಹೇಗೆ ಬರುತ್ತದೋ ಹಾಗೆ, ನಡುವೆ ಒಂದು ಕಡ್ಡಿ ಕಚ್ಚಿಕೊಂಡು, ಬಂತು. ಅದರ ಹಿಂದೆ ಉಳಿದವು. ಅಣ್ಣ ತನ್ನ ಬಾಗಿಲಲ್ಲಿ ನಿಂತು ಒಂದೊಂದನ್ನೂ ಬೆರಳು ಮಡಚಿ ಎಣಿಸಿದ. ಕಡೆಯದು ಒಳಗೆ ಹೋದ ಮೇಲೆ ಬೇಲಿಯ ಹತ್ತಿರ ಬಂದ.

"ಮರಿ ಸತ್ತ ಮೇಲೆ ನಿಂದು ಎಂಬತ್ಮೂರು. ಬಂದಿದ್ದು ಎಂಬತ್ನಾಲ್ಕು. ಒಂದು ನಂದು ಕಣಮ್ಮ."

ಅವಳಿಗೆ ಮಾತಾಡಲು ದನಿಯೇ ಉಳಿದಿರಲಿಲ್ಲ. ಹೂಂ ಎಂದು ತಲೆಯಾಡಿಸಿದಳು.

"ಬೆಳಿಗ್ಗೆ ಕಳ್ಸು" ಅಂದು ಹೋದ. ಹೋಗುತ್ತಾ, "ನನ್ನ ಕುರಿಗಾದ್ರೂ ಬುದ್ಧಿ ಬ್ಯಾಡ್ವಾ" ಎಂದು ಗೊಣಗಿದ್ದು ನನಗೆ ಕೇಳಿಸಿತು.

ಕಲ್ಲಿನ ಹತ್ತಿರ ಬಂದವು, ಸರಿ. ಕಲ್ಲನ್ನು ಯಾರೂ ಹೊತ್ತುಕೊಂಡು ದಾರಿ ನಡೆಯುವುದಿಲ್ಲ. ಅದನ್ನು ಅವಳಿಗೂ ಹೇಳಿದೆ. ನಾಳೆ ಹೊಲದಾಚೆ ಹೋದ ಮೇಲೆ ನಿಂತುಬಿಟ್ಟರೆ ನನ್ನ ಹತ್ತಿರ ಬೇರೆ ಉಪಾಯವಿಲ್ಲ ಎಂದೆ. ಗೊತ್ತು ಎನ್ನುವ ಹಾಗೆ ಕೈ ತೋರಿಸಿದಳು.

ಮರುದಿನ ಬೆಳಿಗ್ಗೆ ಅವಳು ಕಂಬಳಿ ಹೆಗಲಿಗೆ ಹಾಕಿಕೊಂಡು ಮಂದೆಯ ಮುಂದೆ ಹೊರಟಳು. ಅಣ್ಣನ ಕುರಿಯ ಕುತ್ತಿಗೆಗೆ ನಾನೇ ಹಗ್ಗ ಹಾಕಿ, ಎಳೆದುಕೊಂಡು ಹೋಗಿ ಅವನ ರೊಪ್ಪದ ಬಾಗಿಲಲ್ಲಿ ನಿಂತೆ. ಅವಳು ಕೂಗುತ್ತಾ ಹೊಲ ದಾಟಿದಳು, ಮಂದೆ ಹಿಂದೆ ಹೋಯಿತು. ಹಳ್ಳ ದಾಟಿದಳು, ಒಂದೂ ನಿಲ್ಲಲಿಲ್ಲ. ಕೂಗಿದಾಗೆಲ್ಲ ನನ್ನ ಕೈಯಲ್ಲಿದ್ದ ಕುರಿ ಮುಂಗಾಲೆತ್ತಿ ಆ ಕಡೆ ಜಗ್ಗುತ್ತಿತ್ತು.

"ಬಿಟ್ರೆ ಹೊಂಟೋಯ್ತದೆ ಕಣಜ್ಜಿ, ಬಿಗಿಯಾಗಿ ಹಿಡ್ಕಳಿ!" ಎಂದು ಅಣ್ಣ ಒಳಗಿನಿಂದ ಕೂಗಿದ.

ಗಂಡ ಬಂದು ನನ್ನ ಕೈಯ ಹಿಂದೆ ಹಗ್ಗಕ್ಕೆ ಕೈ ಹಾಕಿದ. ಇಬ್ಬರೂ ಹಿಡಿದು ನಿಂತೆವು. ಮಂದೆ ಗುಡ್ಡದ ಮರೆಗೆ ಹೋಯಿತು. ಅವಳ ಕೂಗು ನನ್ನ ಕಿವಿಗೆ ನಿಂತುಹೋದ ಮೇಲೂ ಆ ಕುರಿ ಜಗ್ಗುತ್ತಲೇ ಇತ್ತು, ಅದಕ್ಕೆ ಇನ್ನೂ ಕೇಳುತ್ತಿತ್ತು. ಅದು ಜಗ್ಗುವುದು ನಿಲ್ಲಿಸುವವರೆಗೆ ನಾವು ಹಗ್ಗ ಬಿಡಲಿಲ್ಲ.